ಪ್ರೀಮಿಯಂನಲ್ಲಿ ಸರ್ಕಾರದ ಪಾಲೆಷ್ಟು, ಒಂದ್ಸಲ ಲೆಕ್ಕ ಹಾಕಿ ನೋಡಿ

ಹೆಲ್ತ್ ಇನ್ಶೂರೆನ್ಸ್‌ಗೆ ಸರ್ಕಾರ ನಮಗೇನೂ ಕೊಡಲ್ಲ, ಕೊಡೋದೆಲ್ಲ ಬಿಪಿಎಲ್‌ನೋರಿಗೆ ಅಂತ ಗೊಣಗೋರು ನಮ್ಮ ಹಾಸನದಲ್ಲಿ ಬೀದಿಗೆ ಹತ್ತು ಜನ ಸಿಗ್ತಾರೆ. ಪೂರ್ತಿ ನಿಜ ಅಲ್ಲ ಅದು. ಸರ್ಕಾರ ಇನ್ನೂ ಕೆಲವರಿಗೆ ಕೊಡುತ್ತೆ, ಚೆನ್ನಾಗೇ ಕೊಡುತ್ತೆ, ಯಾರಿಗೆ ಎಷ್ಟು ಅನ್ನೋದನ್ನ ಒಂದು ಹಾಳೆ ಮೇಲೆ ಬರೆದು ತೋರಿಸೋರು ಮಾತ್ರ ಯಾರೂ ಇಲ್ಲ. ಬರೆದು ನೋಡಿದ್ರೆ ತೀರಾ ಬಡವರಿಗೆ ಸಿಗುತ್ತೆ (ಸಿಗಲೇಬೇಕು, ಅದರಲ್ಲಿ ಎರಡು ಮಾತಿಲ್ಲ), ಇನ್‌ಕಂ ಟ್ಯಾಕ್ಸಿನ 30 ಪರ್ಸೆಂಟ್ ಸ್ಲ್ಯಾಬಲ್ಲಿರೋ ದೊಡ್ಡ ದುಡಿಮೆಯೋನಿಗೂ ಸಿಗುತ್ತೆ, ನಡುವೆ ಇರೋ ಐದಾರು ಎಕರೆ ತೋಟದೋನು, ದಿನಸಿ ಅಂಗಡಿಯೋನು, ಗ್ಯಾರೇಜ್ ಇಟ್ಕೊಂಡೋನು, ಇವರ ಕೈಗೆ ಬರೋದು ಚಿಲ್ಲರೆ. ನನ್ನ ತಕರಾರು ಇಷ್ಟೇ.

ನಾನು ಇಲ್ಲೇ ಸಣ್ಣಪುಟ್ಟ ಲೆಕ್ಕಪತ್ರ ಬರೆದು, ಇನ್‌ಕಂ ಟ್ಯಾಕ್ಸ್ ರಿಟರ್ನ್ ಹಾಕ್ಕೊಡೋ ಕೆಲಸ ಮಾಡ್ಕೊಂಡಿರೋನು. ಸಕಲೇಶಪುರ, ಬೇಲೂರು, ಆ ಕಡೆ ಮೂಡಿಗೆರೆಯಿಂದ ಬೆಳೆಗಾರರು ಬರ್ತಾರೆ, ಊರೊಳಗಿನ ಅಂಗಡಿಯೋರು ಬರ್ತಾರೆ, ಬೆಂಗಳೂರಲ್ಲಿ ಸಾಫ್ಟ್‌ವೇರಲ್ಲಿರೋ ಇವರ ಮಕ್ಕಳೂ ವಾಟ್ಸಾಪಲ್ಲಿ ಫಾರ್ಮ್ 16 ಕಳಿಸ್ತಾರೆ. ಹಾಗಾಗಿ ಒಂದೇ ಮನೆಯ ಅಪ್ಪನ ಲೆಕ್ಕ, ಮಗನ ಲೆಕ್ಕ ಎರಡೂ ನನ್ನ ಟೇಬಲ್ ಮೇಲೆ ಅಕ್ಕಪಕ್ಕ ಬಿದ್ದಿರ್ತವೆ.

2025ರ ಜೂನ್, ಜುಲೈ ನೆನಪಿರಬೇಕು ಎಲ್ರಿಗೂ. ನಮ್ಮ ಜಿಲ್ಲೆಯಲ್ಲಿ ಹೃದಯಾಘಾತದಿಂದ ಸತ್ತೋರ ಸುದ್ದಿ ದಿನಾ ಟಿವಿಲಿ, ಅದ್ರಲ್ಲೂ ಚಿಕ್ಕ ವಯಸ್ಸಿನೋರು, ಮೈಸೂರಿನ ಜಯದೇವ ಆಸ್ಪತ್ರೆ ಮುಂದೆ ಚೆಕಪ್ಪಿಗೆ ಉದ್ದಕ್ಕೆ ಕ್ಯೂ. ಆಮೇಲೆ ಸರ್ಕಾರದ ತಜ್ಞರ ಸಮಿತಿ ಅಸಹಜವಾದ ಏರಿಕೆ ಏನೂ ಕಾಣ್ತಿಲ್ಲ ಅಂತ ವರದಿ ಕೊಡ್ತು, ಆದ್ರೆ ಅಷ್ಟೊತ್ತಿಗೆ ಹೆದರಿಕೆ ಮನೆಮನೆ ಹೊಕ್ಕಾಗಿತ್ತು. ಅಲ್ಲಿವರೆಗೆ ಪಾಲಿಸಿ ಅಂದ್ರೆ ಏಜೆಂಟ್ ಕಾಟ ಅಂತಿದ್ದೋರೆಲ್ಲ, ಯಾವುದು ಮಾಡಿಸ್ಲಿ ಸರ್, ಇದಕ್ಕೆ ಟ್ಯಾಕ್ಸಲ್ಲಿ ಎಷ್ಟು ಬಿಡ್ತಾರೆ ಅಂತ ಕೇಳೋಕೆ ಶುರು ಮಾಡಿದ್ರು. ಈ ಎರಡನೇ ಪ್ರಶ್ನೆ ಇದ್ಯಲ್ಲ, ಅದಕ್ಕೆ ಉತ್ತರ ಹೇಳ್ತಾ ಹೋದಾಗಲೇ ನಮ್ಮ ವ್ಯವಸ್ಥೆ ಎಷ್ಟು ತಲೆಕೆಳಗಾಗಿದೆ ಅಂತ ಗೊತ್ತಾಗೋದು.

ಮೊದಲು 80ಡಿ ನೋಡಿ, 1961ರ ಇನ್‌ಕಂ ಟ್ಯಾಕ್ಸ್ ಕಾನೂನಲ್ಲಿ ಹೆಲ್ತ್ ಇನ್ಶೂರೆನ್ಸ್ ಪ್ರೀಮಿಯಂಗೆ ರಿಯಾಯಿತಿ ಕೊಡೋ ಸೆಕ್ಷನ್ ಅದು. ನೀವು, ಹೆಂಡತಿ, ಮಕ್ಕಳ ಪ್ರೀಮಿಯಂಗೆ 25 ಸಾವಿರದವರೆಗೆ ಆದಾಯದಲ್ಲಿ ಕಳೀಬಹುದು, ಅಪ್ಪ ಅಮ್ಮನಿಗೆ ಕಟ್ಟಿದ್ರೆ ಇನ್ನೊಂದು 25, ಅವರಿಗೆ 60 ಆಗಿದ್ರೆ 50 ಸಾವಿರ. ಅಂದ್ರೆ ಬೆಂಗಳೂರಲ್ಲಿರೋ ಮಗ ಎರಡೂ ಸೇರಿ 75 ಸಾವಿರ ಕಟ್ಟಿದ್ದಾನೆ, 30 ಪರ್ಸೆಂಟ್ ಸ್ಲ್ಯಾಬಲ್ಲಿದ್ದಾನೆ ಅನ್ಕೊಳ್ಳಿ, ಸೆಸ್ ಸೇರಿ 31.2 ಪರ್ಸೆಂಟ್, ಅವನಿಗೆ ಉಳಿಯೋದು 23,400 ರೂಪಾಯಿ. ಇದನ್ನ ಸಬ್ಸಿಡಿ ಅಂತ ಯಾರೂ ಕರೆಯಲ್ಲ, ಟ್ಯಾಕ್ಸ್ ಬೆನಿಫಿಟ್ ಅಂತಾರೆ, ಕೇಳೋಕೆ ಗೌರವವಾಗಿದೆ. ಆದ್ರೆ ಸರ್ಕಾರದ ಬೊಕ್ಕಸಕ್ಕೆ ಬರಬೇಕಾದ 23,400 ಬರ್ಲಿಲ್ಲ ಅಂದ್ರೆ ಅದು ಕೊಟ್ಟ ಹಾಗೇ ತಾನೇ? ಅದೇ ಪ್ರೀಮಿಯಂ ಕಟ್ಟಿದ 20 ಪರ್ಸೆಂಟ್ ಸ್ಲ್ಯಾಬಿನೋನಿಗೆ 15,600. ಟ್ಯಾಕ್ಸೇ ಬರದಷ್ಟು ಕಮ್ಮಿ ದುಡಿಯೋನಿಗೆ ಸೊನ್ನೆ. ದುಡಿಮೆ ಜಾಸ್ತಿ ಆದಷ್ಟೂ ಸಹಾಯ ಜಾಸ್ತಿ ಆಗೋ ಸ್ಕೀಮ್ ಇದು.

ಅದೂ ಹಳೇ ರೆಜಿಮಲ್ಲಿ, ಅಂದ್ರೆ ಇಂಥ ಖರ್ಚನ್ನೆಲ್ಲ ಆದಾಯದಲ್ಲಿ ಕಳೆದು ಟ್ಯಾಕ್ಸ್ ಕಟ್ಟೋ ಹಳೇ ಪದ್ಧತಿಯಲ್ಲಿ ಇದ್ರೆ ಮಾತ್ರ. 2023-24ರಿಂದ ಹೊಸ ರೆಜಿಮೇ ಡೀಫಾಲ್ಟು, ಅಲ್ಲಿ 80ಡಿ ಇಲ್ಲ. 2025-26ರಿಂದ 12 ಲಕ್ಷದವರೆಗೆ ಟ್ಯಾಕ್ಸೇ ಇಲ್ಲ ಅಂತಾದ್ಮೇಲೆ ಬಹಳ ಜನ ಆ ಕಡೆ ಹೋದ್ರು, ಹೋಗಿದ್ದು ಸರಿಯೇ. ಹಳೇದ್ರಲ್ಲಿ ಉಳಿದಿರೋರು ಹೋಮ್ ಲೋನು ಬಡ್ಡಿ, ಮನೆ ಬಾಡಿಗೆ, ಪಿಎಫ್ ಎಲ್ಲ ಜೋರಾಗಿರೋ ದೊಡ್ಡ ಸಂಬಳದೋರು. ಕೊನೆಗೆ 80ಡಿ ಉಳ್ಕೊಂಡಿದ್ದು ಯಾರಿಗೆ ಅಂತ ನೀವೇ ಹೇಳಿ. ಇನ್ನು ಇದರೊಳಗಿನ ಸಣ್ಣ ಸಣ್ಣ ಮುಳ್ಳುಗಳು ಬೇರೆ. ಪ್ರೀಮಿಯಂ ಕ್ಯಾಶಲ್ಲಿ ಕಟ್ಟಿದ್ರೆ ಸಿಗಲ್ಲ. ಅತ್ತೆ ಮಾವನಿಗೆ ಕಟ್ಟಿದ್ರೆ ಸಿಗಲ್ಲ. ಎರಡು ವರ್ಷದ್ದು ಒಟ್ಟಿಗೆ ಕಟ್ಟಿದ್ರೆ ವರ್ಷಕ್ಕೆ ಅರ್ಧರ್ಧ ತೋರಿಸ್ಬೇಕು. ಮಾರ್ಚ್ ಬಂತು ಅಂದ್ರೆ ಒಬ್ಬರಲ್ಲ ಒಬ್ಬರು ಅಂಗಡಿ ಗಲ್ಲಾಪೆಟ್ಟಿಗೆಯಿಂದ ಏಜೆಂಟ್ ಕೈಗೆ ನೋಟಿನ ಕಟ್ಟು ಕೊಟ್ಟು, ರಸೀದಿ ತಂದು ನನ್ನ ಮುಂದೆ ಇಟ್ಟು ಕೂರ್ತಾರೆ. ರಸೀದಿಯಲ್ಲಿ ಮೋಡ್ ಆಫ್ ಪೇಮೆಂಟ್ ಅನ್ನೋ ಕಡೆ ನಗದು ಅಂತಿರುತ್ತೆ. ಏನ್ ಮಾಡೋದು, ಹೇಳಿ ಕಳಿಸ್ಬೇಕು.

ಈಗ ಇನ್ನೊಂದು ಮನೆಯ ಅಪ್ಪನ ಕಡೆ ಬನ್ನಿ, ಪ್ರೀಮಿಯಂ ತಾನೇ ಕಟ್ಕೊಳ್ಳೋನು. ಮೂಡಿಗೆರೆ ಕಡೆ ಆರು ಎಕರೆ ಕಾಫಿ, ಮಧ್ಯೆ ಮೆಣಸು, ವಯಸ್ಸು 58 ಅನ್ಕೊಳ್ಳಿ. ಕಾಫೀನ ಚೆರಿಯಾಗೋ (ಹಣ್ಣನ್ನ ಹಾಗೇ ಒಣಗಿಸಿ) ಪಾರ್ಚ್‌ಮೆಂಟಾಗೋ (ಹಣ್ಣಿನ ಸಿಪ್ಪೆ ತೆಗೆದು ಒಣಗಿಸಿ) ಮಾರೋರಿಗೆ ಅದು ಪೂರ್ತಿ ಕೃಷಿ ಆದಾಯ, ಟ್ಯಾಕ್ಸ್ ಇಲ್ಲ. ಕ್ಯೂರಿಂಗ್ ಮಾಡಿಸಿ ಮಾರಿದ್ರೆ ಮಾತ್ರ ಲಾಭದ 25 ಪರ್ಸೆಂಟು ಟ್ಯಾಕ್ಸಿಗೆ ಬರುತ್ತೆ, ಹುರಿದು ಪುಡಿ ಮಾಡಿ ಮಾರಿದ್ರೆ 40. ಸಣ್ಣ ಬೆಳೆಗಾರರು ಅಷ್ಟು ದೂರ ಹೋಗೋದು ಎಲ್ಲಿ? ಟ್ಯಾಕ್ಸ್ ಇಲ್ಲ ಅಂದ್ರೆ 80ಡಿ ಇದ್ದೂ ಇಲ್ಲ. ಬಿಪಿಎಲ್ ಕಾರ್ಡೂ ಇಲ್ಲ, ಯಾಕಂದ್ರೆ ಗೊಬ್ಬರ ಹೊರೋಕೆ, ಆಸ್ಪತ್ರೆಗೆ ಹೋಗಿ ಬರೋಕೆ ಅಂತ ಸೆಕೆಂಡ್ ಹ್ಯಾಂಡ್ ವೈಟ್‌ಬೋರ್ಡ್ ಕಾರೊಂದು ಇದೆ, ವರ್ಷದ ಆದಾಯವೂ 1.20 ಲಕ್ಷದ ಗೆರೆ ದಾಟುತ್ತೆ. ಗಂಡ ಹೆಂಡತಿಗೆ 45 ಸಾವಿರ ಪ್ರೀಮಿಯಂ ಅಂದ್ರೆ ಅವರಿಗೆ ಸಿಗೋ ಸಹಾಯ ಒಂದೇ, 2025ರ ಸೆಪ್ಟೆಂಬರ್ 22ರಿಂದ ವೈಯಕ್ತಿಕ ಪಾಲಿಸಿಗಳ ಮೇಲಿನ 18 ಪರ್ಸೆಂಟ್ ಜಿಎಸ್‌ಟಿ ತೆಗೆದ್ರಲ್ಲ, ಅದು. 8,100 ರೂಪಾಯಿ. ಅದೂ ಸರ್ಕಾರ ಕೊಟ್ಟಿದ್ದಲ್ಲ, ತಗೋತಾ ಇದ್ದಿದ್ದನ್ನ ನಿಲ್ಲಿಸಿದ್ದು. ಕಂಪನಿಗಳಿಗೆ ಇನ್‌ಪುಟ್ ಕ್ರೆಡಿಟ್, ಅಂದ್ರೆ ತಮ್ಮ ಖರ್ಚಿನ ಮೇಲೆ ಕಟ್ಟಿದ ಜಿಎಸ್‌ಟಿ ಹೊಂದಿಸ್ಕೊಳ್ಳೋ ಅನುಕೂಲ, ಹೋಗಿರೋದ್ರಿಂದ ಮೂಲ ಪ್ರೀಮಿಯಂನೇ ಮೆಲ್ಲಗೆ ಏರಿಸಿದ್ರೆ ಆ 8,100ರಲ್ಲಿ ಎಷ್ಟು ಉಳಿಯುತ್ತೋ ನೋಡ್ಬೇಕು.

ಎಪಿಎಲ್‌ನೋರಿಗೂ ಆಯುಷ್ಮಾನ್ ಭಾರತ್ ಆರೋಗ್ಯ ಕರ್ನಾಟಕ ಇದೆಯಲ್ಲ ಅಂತ ಯಾರಾದ್ರೂ ಕೇಳೇ ಕೇಳ್ತಾರೆ. ಇದೆ. ಬಿಪಿಎಲ್‌ಗೆ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷದವರೆಗೆ ಪೂರ್ತಿ, ಎಪಿಎಲ್‌ಗೆ ಪ್ಯಾಕೇಜ್ ದರದ 30 ಪರ್ಸೆಂಟ್, ವರ್ಷಕ್ಕೆ ಒಂದೂವರೆ ಲಕ್ಷದ ಮಿತಿ. ಪ್ಯಾಕೇಜ್ ದರ ಅನ್ನೋದನ್ನ ಗಮನಿಸಿ, ಆಸ್ಪತ್ರೆ ಬಿಲ್ಲಿನ 30 ಅಲ್ಲ, ಸರ್ಕಾರ ಆ ಚಿಕಿತ್ಸೆಗೆ ಇಷ್ಟು ಅಂತ ಬರೆದಿಟ್ಟಿರೋ ದರದ 30. ಪ್ಯಾಕೇಜ್ 1 ಲಕ್ಷ ಇದ್ರೆ 30 ಸಾವಿರ, ಉಳಿದಿದ್ದಕ್ಕೆಲ್ಲ ತೋಟ ಅಡ ಇಡಿ. ಅದೂ ಪ್ರೀಮಿಯಂಗೆ ಸಹಾಯ ಅಲ್ಲ, ಮಲಗಿದ ಮೇಲಿನ ಸಹಾಯ.

ಇದರ ಪಕ್ಕದಲ್ಲೇ ಅಮೆರಿಕದ ಲೆಕ್ಕ ಇಟ್ಟು ನೋಡೋ ಅವಕಾಶ ನನಗೆ ಸಿಕ್ತು. ಚಿಕ್ಕಮ್ಮನ ಮಗಳೊಬ್ಬಳು ಅಲ್ಲಿದ್ದಾಳೆ, ಗ್ರೀನ್ ಕಾರ್ಡ್ ಆಗಿದೆ, ಕಂಪನಿ ಕೆಲಸ ಬಿಟ್ಟು ಸ್ವಂತಕ್ಕೆ ಡಿಸೈನ್ ಕೆಲಸ ಮಾಡ್ತಾಳೆ. ಕಂಪನಿ ಬಿಟ್ಟ ಮೇಲೆ ಇನ್ಶೂರೆನ್ಸ್ ತಾನೇ ಕೊಳ್ಬೇಕು. ಒಬಾಮ ಕಾಲದ ಕಾನೂನು ಇದ್ಯಲ್ಲ, 2010ರದ್ದು, ಅದರ ಪ್ರಕಾರ 2014ರಿಂದ ಅಲ್ಲಿ ಸರ್ಕಾರವೇ ಪ್ರೀಮಿಯಂನ ಒಂದು ಭಾಗ ನೇರವಾಗಿ ಇನ್ಶೂರೆನ್ಸ್ ಕಂಪನಿಗೆ ಕಟ್ಟುತ್ತೆ. ಅಣ್ಣ ಲೆಕ್ಕದೋನು ಅಂತ ನನಗೆ ಫೋನು, ನನಗೋ ನಮ್ಮ ಊರಿನ ಲೆಕ್ಕವೇ ಸಾಕಾಗಿದೆ, ಆದ್ರೂ ಕೂತು ನೋಡಿದೆ.

ಅಲ್ಲಿ ಮಾಡೋದು ಹೀಗೆ. ಬರೋ ವರ್ಷ ನಿನ್ನ ಮನೆಯ ಆದಾಯ ಎಷ್ಟು ಬರಬಹುದು ಅಂತ ನೀನೇ ಅಂದಾಜು ಹೇಳ್ಬೇಕು. ಅದನ್ನ ಬಡತನ ರೇಖೆಗೆ ಹೋಲಿಸ್ತಾರೆ, 2026ರ ಪಾಲಿಸಿಗೆ ಒಬ್ಬಂಟಿಗೆ ಆ ರೇಖೆ ವರ್ಷಕ್ಕೆ 15,650 ಡಾಲರ್. ರೇಖೆಯ ಎಷ್ಟು ಪಟ್ಟು ಇದ್ದೀಯ ಅನ್ನೋದರ ಮೇಲೆ, ನಿನ್ನ ಆದಾಯದಲ್ಲಿ ಇಷ್ಟು ಪರ್ಸೆಂಟ್ ನೀನು ಕಟ್ಟು ಅಂತಾರೆ, ಕೆಳಗಿನೋರಿಗೆ 2.10ರಿಂದ ಶುರುವಾಗಿ ಮೇಲಿನೋರಿಗೆ 9.96ರವರೆಗೆ. ಆಮೇಲೆ ಅವಳ ಊರಲ್ಲಿ ಸಿಗೋ ಸಿಲ್ವರ್ ಅನ್ನೋ ದರ್ಜೆಯ ಪಾಲಿಸಿಗಳಲ್ಲಿ ಎರಡನೇ ಅಗ್ಗದ್ದನ್ನ ಅಳತೆಗೋಲು ಮಾಡ್ಕೊಂಡು, ಅದರ ಬೆಲೆಯಲ್ಲಿ ಅವಳ ಪಾಲು ಕಳೆದ್ರೆ ಉಳಿದಿದ್ದು ಸರ್ಕಾರದ್ದು. 50 ಸಾವಿರ ಡಾಲರ್ ದುಡಿತೀನಿ ಅಂದ್ರೆ ಅವಳ ಪಾಲು ವರ್ಷಕ್ಕೆ 4,980, ತಿಂಗಳಿಗೆ 415. ಆ ಸಿಲ್ವರ್ ಪಾಲಿಸಿ ತಿಂಗಳಿಗೆ 700 ಇದೆ ಅಂತಿಟ್ಕೊಂಡ್ರೆ 285 ಡಾಲರ್ ಸರ್ಕಾರದ್ದು. ಆ 285ನ್ನ ಅವಳು ಬ್ರಾಂಜ್ ಅನ್ನೋ ಅಗ್ಗದ ಪಾಲಿಸಿಗೆ ಹಾಕ್ಕೊಂಡ್ರೂ ನಡೆಯುತ್ತೆ. ವಯಸ್ಸು, ಊರು, ಮನೆಯಲ್ಲಿ ಎಷ್ಟು ಜನ, ಆದಾಯ, ಇಷ್ಟು ಹಾಕಿದ್ರೆ ನಿಮಗೆ ಇಷ್ಟು ಸಿಗಬಹುದು ಅಂತ ತೋರಿಸೋ ಕ್ಯಾಲ್ಕುಲೇಟರ್‌ಗಳು ಇಂಟರ್ನೆಟ್ಟಲ್ಲೇ ಇವೆ. ಪಾಲಿಸಿ ಕೊಳ್ಳೋಕೆ ಮುಂಚೆನೇ ಗೊತ್ತಾಗುತ್ತೆ. ಹೊಟ್ಟೆಕಿಚ್ಚಾಗಿದ್ದು ನನಗೆ ಇದೊಂದಕ್ಕೆ.

ಹಾಗಂತ ಅಮೆರಿಕ ಸ್ವರ್ಗ ಅಂತ ಹೇಳ್ತಿಲ್ಲ ಮಾರಾಯ್ರೇ. ಬಡತನ ರೇಖೆಯ ನಾಲ್ಕು ಪಟ್ಟು, ಅಂದ್ರೆ ಒಬ್ಬಂಟಿಗೆ 62,600 ಡಾಲರ್, ಅದನ್ನ ದಾಟಿದ್ರೆ ಸಹಾಯ ಪೂರ್ತಿ ಬಂದ್. ಕೊರೊನಾ ಕಾಲದಲ್ಲಿ, 2021ರಲ್ಲಿ, ಈ ಗೆರೆ ತೆಗೆದು ಯಾರೂ ಆದಾಯದ 8.5 ಪರ್ಸೆಂಟಿಗಿಂತ ಜಾಸ್ತಿ ಕಟ್ಟೋದು ಬೇಡ ಅಂತ ಮಾಡಿದ್ರು, 2025ರ ಕೊನೆಗೆ ಅದು ಮುಗೀತು, ಮುಂದುವರಿಸ್ಬೇಕೋ ಬೇಡ್ವೋ ಅಂತ ಕಿತ್ತಾಡಿ ಅವರ ಸರ್ಕಾರವೇ ಅಕ್ಟೋಬರ್ 1ರಿಂದ ನವೆಂಬರ್ 12ರವರೆಗೆ ಬಾಗಿಲು ಹಾಕ್ಕೊಂಡಿತ್ತು. ಈಗ ಗೆರೆ ವಾಪಸ್ ಬಂದಿದೆ. ಚಾರ್ಮಾಡಿ ಘಾಟಿಯಲ್ಲಿ ತಡೆಗೋಡೆ ಕುಸಿದ ತಿರುವಿನ ಹಾಗೆ, ಒಂದಡಿ ಆಚೆ ಹೋದ್ರೆ ಸೀದಾ ಕೆಳಗೆ. ಅರವತ್ತರ ಆಸುಪಾಸಿನೋರ ಪ್ರೀಮಿಯಂ ಅಲ್ಲಿ ಇಪ್ಪತ್ತೊಂದರ ಹುಡುಗರ ಮೂರು ಪಟ್ಟಿನ ಹತ್ತಿರ ಹೋಗುತ್ತೆ. ತಿಂಗಳಿಗೆ 1,300 ಡಾಲರ್ ಪಾಲಿಸಿ ಇರೋನು ಗೆರೆಯೊಳಗೆ ಇದ್ರೆ ವರ್ಷಕ್ಕೆ ಹೆಚ್ಚೆಂದ್ರೆ 6,235 ಕಟ್ತಾನೆ, ನೂರು ಡಾಲರ್ ಜಾಸ್ತಿ ದುಡಿದು ಗೆರೆ ದಾಟಿದ್ರೆ 15,600. ನೂರಕ್ಕೆ ಆಸೆ ಬಿದ್ದು ಒಂಬತ್ತು ಸಾವಿರ ಹೋಯ್ತು. ಜೊತೆಗೆ ಅಂದಾಜು ತಪ್ಪಿದ್ರೆ ವರ್ಷದ ಕೊನೆಗೆ ರಿಟರ್ನ್ ಹಾಕೋವಾಗ ಲೆಕ್ಕ ತೀರಿಸ್ಬೇಕು, ಜಾಸ್ತಿ ತಗೊಂಡಿದ್ರೆ ವಾಪಸ್ ಕಟ್ಬೇಕು. ಮೊದಲು ಬಹಳ ಜನಕ್ಕೆ ವಾಪಸ್ ಕಟ್ಟೋದಕ್ಕೆ ಇಷ್ಟೇ ಅಂತ ಮಿತಿ ಇತ್ತು, 2026ರ ಲೆಕ್ಕದಿಂದ ಅದೂ ಇಲ್ಲ, ಪೂರ್ತಿ ಕಟ್ಬೇಕು. ಇವಳಂತೂ 58 ಸಾವಿರ ಅಂತ ಬರೆದು, ದೀಪಾವಳಿ ಆದ್ಮೇಲೆ ಹೊಸ ಪ್ರಾಜೆಕ್ಟ್ ಹಿಡಿಯಲ್ಲ ಅಂತ ಕೂತಿದ್ದಾಳೆ. ದುಡಿಯೋ ಕೈ ಕಟ್ಟಿ ಹಾಕೋ ನಿಯಮ ಎಂಥ ನಿಯಮ?

ಗೆರೆಯ ಕಾಟ ನಮ್ಮಲ್ಲೂ ಇದೆ, ನಮ್ಮದು ರೇಷನ್ ಕಾರ್ಡಿನ ಗೆರೆ. ಆದ್ರೆ ಒಂದು ವ್ಯತ್ಯಾಸ ಇದೆ, ಗೆರೆಯ ಒಳಗಡೆ ಅಲ್ಲಿ ದುಡಿಮೆ ಜಾಸ್ತಿ ಆದ ಹಾಗೆ ಸಹಾಯ ಸ್ವಲ್ಪ ಸ್ವಲ್ಪವಾಗಿ ಕಮ್ಮಿ ಆಗುತ್ತೆ. ನಮ್ಮಲ್ಲಿ ಕಾರ್ಡಿದ್ರೆ ಪೂರ್ತಿ, ಕಾರ್ಡ್ ಹೋದ್ರೆ ಹಳ್ಳ, ಹಳ್ಳ ದಾಟಿ ಆಚೆ ದಡಕ್ಕೆ ಹೋಗಿ ದೊಡ್ಡ ಸಂಬಳ ಬಂದ್ರೆ 80ಡಿ.

ನಡುವಿನೋರಿಗೆ ನಮ್ಮಲ್ಲಿ ನಿಜವಾಗಿ ಕೆಲಸಕ್ಕೆ ಬರೋದು ಯಶಸ್ವಿನಿ ಒಂದೇ, ಸಹಕಾರ ಸಂಘದ ಸದಸ್ಯರಿಗೆ ಅಂತ ರಾಜ್ಯ ಸರ್ಕಾರ ನಡೆಸೋ ಆರೋಗ್ಯ ಯೋಜನೆ. 2003ರಲ್ಲಿ ಶುರುವಾದಾಗ ಸದಸ್ಯರು ಕಟ್ತಾ ಇದ್ದಿದ್ದು ತಿಂಗಳಿಗೆ 5 ರೂಪಾಯಿ. 2018ರಲ್ಲಿ ಆರೋಗ್ಯ ಕರ್ನಾಟಕದೊಳಗೆ ಸೇರಿಸಿ ನಿಲ್ಲಿಸಿದ್ರು, ಮತ್ತೆ 2022-23ರಲ್ಲಿ ತಂದ್ರು. ಹಳ್ಳಿಯ ಸಹಕಾರ ಸಂಘದ ಸದಸ್ಯರಿಗೆ ನಾಲ್ಕು ಜನರ ಕುಟುಂಬಕ್ಕೆ ವರ್ಷಕ್ಕೆ 500 ರೂಪಾಯಿ, ಪಟ್ಟಣದ ಸಂಘದೋರಿಗೆ 1,000, ಕವರ್ 5 ಲಕ್ಷ. ಪರಿಶಿಷ್ಟ ಜಾತಿ, ಪಂಗಡದೋರ ಪಾಲು ಸರ್ಕಾರವೇ ಕಟ್ಟುತ್ತೆ. ಮಾರುಕಟ್ಟೆಯಲ್ಲಿ 5 ಲಕ್ಷದ ಕವರಿಗೆ ಎಷ್ಟು ಕೇಳ್ತಾರೆ ಅಂತ ಗೊತ್ತಿರೋರಿಗೆ ಇದರ ಬೆಲೆ ಗೊತ್ತು. ಪಟ್ಟಿಯಲ್ಲಿರೋ ಚಿಕಿತ್ಸೆ, ಪಟ್ಟಿಯಲ್ಲಿರೋ ಆಸ್ಪತ್ರೆ, ಎಲ್ಲಾನೂ ಬರಲ್ಲ, ಒಪ್ಪಿದೆ. ಆದ್ರೂ ನಮ್ಮ ಜಿಲ್ಲೆಯಲ್ಲಿ ಡೇರಿಗೆ ಹಾಲು ಹಾಕೋ ಎಷ್ಟೋ ಮನೆಗಳಲ್ಲಿ ಇದು ಗೊತ್ತಿಲ್ಲ, ನೋಂದಣಿ ಅವಧಿ ಮುಗಿದ ಮೇಲೆ ಸೊಸೈಟಿ ಬಾಗಿಲಿಗೆ ಬರ್ತಾರೆ. ಸೊಸೈಟಿ ಬೋರ್ಡಿನ ಮೇಲೆ ಒಂದು ಜೆರಾಕ್ಸ್ ಅಂಟಿಸಿದ್ರೆ ಪ್ರಚಾರ ಆಯ್ತು ಅನ್ಕೊಂಡಿದ್ದಾರೆ.

ನನ್ನ ಕೇಳಿದ್ರೆ 80ಡಿ ಅನ್ನೋದನ್ನ ಕಿತ್ತು ಹಾಕಿ, ಆ ದುಡ್ಡನ್ನೇ ಪ್ರೀಮಿಯಂ ಕಟ್ಟೋವಾಗಲೇ ಕಳೆದು ಕೊಡಲಿ, ಕಮ್ಮಿ ದುಡಿಯೋರಿಗೆ ಜಾಸ್ತಿ, ವಯಸ್ಸಾದೋರಿಗೆ ಇನ್ನೂ ಸ್ವಲ್ಪ, ಮೇಲೆ ಹೋದ ಹಾಗೆ ನಿಧಾನಕ್ಕೆ ಇಳಿಸ್ತಾ ಬರಲಿ, ಸಡನ್ನಾಗಿ ಕಟ್ ಮಾಡೋದು ಬೇಡ. ಹಳೇ ರೆಜಿಮಿನ ಗೆಳೆಯರು ನನ್ನ ಮೇಲೆ ಬೀಳ್ತಾರೆ, ಬೀಳಲಿ.

ರೈತರ ಆದಾಯ ಯಾರು ಅಂದಾಜು ಮಾಡೋದು ಅನ್ನೋದು ಇದಕ್ಕೆ ಬರೋ ದೊಡ್ಡ ಆಕ್ಷೇಪಣೆ, ಅದು ನ್ಯಾಯವಾದ ಪ್ರಶ್ನೆ. ಶುಂಠಿ ಹಾಕಿದೋನನ್ನ ಮುಂದಿನ ವರ್ಷ ಎಷ್ಟು ಬರುತ್ತಪ್ಪಾ ಅಂತ ಕೇಳಿ ನೋಡಿ, ಆಕಾಶ ನೋಡ್ತಾನೆ. ಒಂದು ವರ್ಷ ಮನೆ ಕಟ್ಟಿಸೋ ರೇಟು, ಮರುವರ್ಷ ಕೀಳೋ ಕೂಲಿನೂ ಹುಟ್ಟಲ್ಲ. ಹಾಗಾಗಿ ಒಂದು ವರ್ಷದ ಅಂದಾಜು ನಮ್ಮ ಕಡೆ ನಡೆಯಲ್ಲ, ಹಿಂದಿನ ಮೂರು ವರ್ಷದ ಸರಾಸರಿ ತಗೊಳ್ಳಿ. ಪಹಣಿಯಲ್ಲಿ ಎಷ್ಟು ಎಕರೆ ಏನು ಬೆಳೆ ಅಂತಿದೆ, ಕಾಫಿ ಮಾರಿದ ದುಡ್ಡು ಬ್ಯಾಂಕಿಗೇ ಬರುತ್ತೆ, ಬೆಳೆ ಸಾಲ ಕೊಡೋವಾಗ ಇದೇ ಸರ್ಕಾರ, ಇದೇ ಸೊಸೈಟಿ ಎಕರೆಗೆ ಇಷ್ಟು ಅಂತ ಲೆಕ್ಕ ಹಾಕೇ ಕೊಡೋದು. ಸಾಲ ಕೊಡೋಕೆ ಸಾಕಾಗೋ ದಾಖಲೆ ಪ್ರೀಮಿಯಂಗೆ ನಾಲ್ಕು ಸಾವಿರ ಕೊಡೋಕೆ ಯಾಕೆ ಸಾಕಾಗಲ್ಲ ಅಂತ ಯಾರಾದ್ರೂ ಹೇಳಿದ್ರೆ ಕೇಳೋಕೆ ರೆಡಿ ಇದ್ದೀನಿ.