ಚೌಕಿಪೇಟೆಗೆ ಹೋದ ಅತ್ತಿಗೆಗೆ ಎಷ್ಟು ಫೋನು?

ಕೊಯಮತ್ತೂರಿಗೆ ಮದುವೆಯಾಗಿ ಬಂದ ಮೇಲೆ ನಮ್ಮ ದಾವಣಗೆರೆಯ ಒಂದು ರೂಢಿ ನನ್ನನ್ನು ಚುಚ್ಚುತ್ತಿದೆ. ನಮ್ಮ ಕಡೆ ಹೆಂಗಸರು ಪೇಟೆಗೆ ಹೋದರೆ ಸಾಮಾನಿನ ಜೊತೆ ಸಮಯದ ಲೆಕ್ಕವನ್ನೂ ಮನೆಗೆ ತರಬೇಕು.

ಅತ್ತಿಗೆ ಚೌಕಿಪೇಟೆಗೆ ಹೊರಟರು ಅನ್ನಿ. ಕುಬುಸಕ್ಕೆ ಲೈನಿಂಗ್ ಬಟ್ಟೆ, ಬರುವಾಗ ಎರಡು ಸೇರು ಮಂಡಕ್ಕಿ, ಅಷ್ಟೇ ಕೆಲಸ. ಬಣ್ಣ ಹೊಂದಿಸುತ್ತಿರುವಾಗಲೇ ಅಣ್ಣನ ಫೋನು: "ಎಲ್ಲಿದೀಯ?" ಹಿಂದೆಯೇ ಅಮ್ಮನದು: "ಹೋಗಿ ಎಷ್ಟೊತ್ತಾತು?" ಯಾರ ದನಿಯಲ್ಲೂ ಸಿಟ್ಟಿಲ್ಲ. ಅದಕ್ಕೇ ಇದಕ್ಕೆ ಕಾಳಜಿ ಎಂಬ ಹೆಸರು ಬಂದಿದೆ. ಆದರೆ ಅತ್ತಿಗೆ ಕೈಗೆ ಸಿಕ್ಕ ಬಣ್ಣವನ್ನೇ ಕತ್ತರಿಸಿಕೊಂಡು ಬಂದುಬಿಡುತ್ತಾರೆ. ಅಶೋಕ ಟಾಕೀಸ್ ಬಳಿಯ ರೈಲ್ವೆ ಗೇಟಿಗೆ ಊರೆಲ್ಲ ಶಾಪ ಹಾಕುತ್ತಿದ್ದಾಗ, ಗೆಳತಿಯ ಜೊತೆ ನಿಂತು ಮಾತಾಡಿದ ಹೊತ್ತನ್ನು ಎಷ್ಟು ಹೆಂಗಸರು "ಗೇಟ್ ಹಾಕಿತ್ತು ರೀ" ಎಂದು ಮುಚ್ಚಿಕೊಂಡಿದ್ದಾರೋ! ಅಣ್ಣ ಬೆಣ್ಣೆದೋಸೆ ತಿನ್ನಲು ಹೋಗಿ ಮಧ್ಯಾಹ್ನ ಬಂದರೂ ಕೇಳುವವರಿಲ್ಲ.

ಕೊಯಮತ್ತೂರಿನಲ್ಲೂ ಅನುಮಾನದ ಗಂಡಂದಿರಿದ್ದಾರೆ, ಇಲ್ಲವೆನ್ನುವುದಿಲ್ಲ. ಆದರೂ ನಮ್ಮ ಬೀದಿಯ ಹೆಂಗಸರು ಬಸ್ಸು ಹತ್ತುವಾಗ ಯಾರಿಗೂ ವರದಿ ಒಪ್ಪಿಸುವುದನ್ನು ನಾನು ಕಂಡಿಲ್ಲ. ತಮಿಳುನಾಡಿನಲ್ಲಿ 2021ರ ಮೇ ತಿಂಗಳಿಂದಲೇ ಸಾಮಾನ್ಯ ಟೌನ್ ಬಸ್ಸಿನಲ್ಲಿ ಹೆಂಗಸರಿಗೆ ಟಿಕೆಟ್ಟಿಗೆ ದುಡ್ಡಿಲ್ಲ. ಕರ್ನಾಟಕಕ್ಕೆ ಶಕ್ತಿ ಯೋಜನೆ ಬಂದದ್ದು 2023ರ ಜೂನ್ 11ಕ್ಕೆ. ಬಸ್ಸಿನ ದುಡ್ಡಿಗೆ ಕೈಚಾಚಿದಾಗ "ಎಲ್ಲಿಗೆ, ಯಾಕೆ" ಎಂಬ ವಿಚಾರಣೆ ನಡೆಯುತ್ತಿತ್ತಲ್ಲ, ಅದಾದರೂ ತಪ್ಪಿತು. ಶಕ್ತಿಯನ್ನು ಬಿಟ್ಟಿ ಭಾಗ್ಯ ಎಂದು ಹಂಗಿಸುವವರು ಒಮ್ಮೆಯಾದರೂ ಹಾಗೆ ಕೈಚಾಚಿ ನಿಂತಿದ್ದಾರೆಯೇ? ಈಗ ಮೊಬೈಲಿನ ಲೈವ್ ಲೊಕೇಶನ್ ಆ ಸಡಿಲವನ್ನೂ ಕಿತ್ತುಕೊಳ್ಳುತ್ತಿದೆ.

ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯವರು ಹೆಂಗಸರನ್ನು ಕೇಳುತ್ತಾರೆ: ಮಾರುಕಟ್ಟೆಗೆ, ಆಸ್ಪತ್ರೆಗೆ, ಊರಾಚೆಗೆ ಒಬ್ಬರೇ ಹೋಗಲು ಬಿಡುತ್ತಾರೆಯೇ? ಅತ್ತಿಗೆ ಹೌದೆಂದೇ ಹೇಳಿಯಾರು. ಆದರೆ ಅದೇ ಸಮೀಕ್ಷೆಯಲ್ಲಿ ಇನ್ನೊಂದು ಪ್ರಶ್ನೆಯಿದೆ: ನೀವು ಯಾವಾಗ ಎಲ್ಲಿದ್ದೀರಿ ಎಂಬುದು ತನಗೆ ಗೊತ್ತಾಗಲೇಬೇಕು ಎಂದು ಗಂಡ ಹಟ ಹಿಡಿಯುತ್ತಾನೆಯೇ? ಅದನ್ನು ಅವರು ಎಣಿಸುವುದು ಗಂಡನ ಹಿಡಿತದ ಲೆಕ್ಕದಲ್ಲಿ. ನಮ್ಮ ಮನೆಗಳಲ್ಲಿ ಮಾತ್ರ ಅದು ಪ್ರೀತಿಯ ಲೆಕ್ಕಕ್ಕೆ ಹೋಗುತ್ತದೆ.

ಕತ್ತಲಾದರೆ ಕೇಳಲಿ, ಮಳೆಗೆ ಸಿಕ್ಕಿಕೊಂಡರೆ ಕೇಳಲಿ, ಬೇಡವೆನ್ನುವುದಿಲ್ಲ. ಹಾಡುಹಗಲು ಹನ್ನೊಂದು ಗಂಟೆಗೆ ಚೌಕಿಪೇಟೆಯಲ್ಲಿ ಬಟ್ಟೆ ನೋಡುತ್ತಿರುವ ಅತ್ತಿಗೆಗೆ ಹೋಗುವ ಫೋನನ್ನು ಅಣ್ಣ ಮೊದಲು ನಿಲ್ಲಿಸಲಿ.