ಅಸಂಡರ್ ಮತ್ತು ನಮ್ಮ ಅಗಲಿಕೆ

ಹೋದ ತಿಂಗಳು ಸಹೋದ್ಯೋಗಿಯೊಬ್ಬರ ಮದುವೆಗೆ ಚರ್ಚಿಗೆ ಹೋಗಿದ್ದೆ. ಪಾಸ್ಟರ್ ಇಬ್ಬರ ಬಲಗೈ ಸೇರಿಸಿ ಹಿಡಿದು, ದೇವರು ಕೂಡಿಸಿದವರನ್ನು ಮನುಷ್ಯರು ಅಗಲಿಸಬಾರದು ಅಂತ ಇಂಗ್ಲಿಷಿನಲ್ಲಿ ಹೇಳಿದರು. ಆ ವಾಕ್ಯದ ಕೊನೆಯ ಪದ 'ಅಸಂಡರ್'. ಪಕ್ಕದಲ್ಲಿದ್ದ ಹುಡುಗಿ ಮೆಲ್ಲಗೆ, "ಹಾಗಂದ್ರೇನು ಆಂಟಿ?" ಅಂದಳು. "ಬೇರೆ ಮಾಡೋದು" ಅಂದೆ. ಅಷ್ಟಕ್ಕೇ ಬಿಡೋಕೆ ಮನಸ್ಸಾಗಲಿಲ್ಲ.

ದಿನದ ಮಾತಿನಲ್ಲಿ ಈ ಪದ ಈಗ ಇಲ್ಲವೇ ಇಲ್ಲ ಅನ್ನಬಹುದು. 1549ರ ಇಂಗ್ಲೆಂಡಿನ ಪ್ರಾರ್ಥನಾ ಪುಸ್ತಕದಲ್ಲಿ ಬಂತು, ಮದುವೆಯ ಮಾತಾಗಿ ಉಳಿಯಿತು. ಇನ್ನೂ ಹಿಂದೆ, ಹಳೆ ಇಂಗ್ಲಿಷಿನಲ್ಲಿ ಅದು 'ಆನ್ ಸುಂಡ್ರನ್' ಅಂತ ಎರಡು ಪದ. ಬೇರೆಯಾಗಿ, ತನ್ನಷ್ಟಕ್ಕೆ ತಾನು ಅಂತ ಅರ್ಥ. ಚೂರುಚೂರಾಗುವ ಅರ್ಥ ಆಮೇಲೆ ಸೇರಿದ್ದು.

ಇದರ ನೆಂಟರನ್ನು ನೋಡಿ. ಡಚ್ಚರ 'ಝೊಂಡರ್' ಅಂದರೆ 'ಇಲ್ಲದೆ'. ಸ್ವೀಡನ್ನಿನವರ 'ಸೊಂಡರ್' ಅಂದರೆ 'ಮುರಿದುಹೋದ'. ಜರ್ಮನರ 'ಬೆಝೊಂಡರ್ಸ್' ಅಂದರೆ 'ವಿಶೇಷವಾಗಿ'! ಒಂದೇ ಬೇರು. ಬೇರೆಯಾದದ್ದು ಒಬ್ಬರಿಗೆ ಕೊರತೆ, ಒಬ್ಬರಿಗೆ ಒಡಕು, ಇನ್ನೊಬ್ಬರಿಗೆ ವಿಶೇಷ. ಮೈ ಜುಮ್ಮೆನ್ನುತ್ತೆ ನನಗೆ.

ನಮ್ಮ ಬಿ.ಕಾಂ. ಮಕ್ಕಳು ಟ್ಯಾಲಿ ಎಂಬ ಲೆಕ್ಕಪತ್ರದ ಸಾಫ್ಟ್‌ವೇರಿನಲ್ಲಿ ದಿನಾ ನೋಡುವ 'ಸಂಡ್ರಿ ಡೆಟರ್ಸ್', ಅಂದರೆ ಹಣ ಕೊಡಬೇಕಾದ ಹಲವರು, ಅನ್ನೋದರ 'ಸಂಡ್ರಿ' ಕೂಡ ಇದೇ ಮನೆತನದ್ದು. ಮೊದಲು ಬಿಡಿಬಿಡಿ, ಪ್ರತ್ಯೇಕ ಅಂತಿದ್ದ ಪದ, ಈಗ ಹಲವು ಬಗೆಯ ಅಂತಾಗಿದೆ.

ಕನ್ನಡದ 'ಅಗಲು' ಇದಕ್ಕೇನೂ ಕಡಿಮೆಯಿಲ್ಲ. ಬಟ್ಟೆಯ ಅಗಲ, ರಸ್ತೆಯ ಅಗಲ ಅಂತೀವಲ್ಲ, ಅದೂ ಇದೂ ಒಂದೇ ಮೂಲದವು. ತಮಿಳಿನ 'ಅಗಲ್' ಪದಕ್ಕೂ ಹರಡು, ದೂರವಾಗು ಎಂಬ ಎರಡೂ ಅರ್ಥ ಇವೆ. ಇಬ್ಬರ ನಡುವೆ ಜಾಗ ಹಿಗ್ಗುವುದೇ ಅಗಲಿಕೆ. ಆದರೆ ನಾವು ಅದನ್ನು ಶ್ರದ್ಧಾಂಜಲಿ ಬ್ಯಾನರಿಗೆ ಬಿಟ್ಟುಕೊಟ್ಟಿದ್ದೀವಿ. 'ನಮ್ಮನ್ನು ಅಗಲಿದ' ಅಂದ ಕೂಡಲೇ ಯಾರು ಹೋದರು ಅಂತ ಫೋಟೋ ನೋಡ್ತೀವಿ. ಬದುಕಿರುವವರಿಗೂ ಆ ಪದ ಬೇಕು. ಮಗ ಹಾಸ್ಟೆಲ್‌ಗೆ ಹೋದಾಗ, ಮಗಳು ವಿದೇಶಕ್ಕೆ ಹೊರಟಾಗ 'ಮಿಸ್ ಮಾಡ್ಕೊಳ್ತೀನಿ' ಅಂದರೆ ನನಗೆ ಸಾಲಲ್ಲ.

ಕಾಲೇಜಿಗೆಂದು ಮೊದಲ ಸಲ ಮನೆ ಬಿಟ್ಟಾಗ ಅಜ್ಜಿ ಬರೆದ ಇನ್‌ಲ್ಯಾಂಡ್ ಲೆಟರ್ ಇನ್ನೂ ನನ್ನ ಹತ್ತಿರ ಇದೆ. ಮಡಿಕೆಯಲ್ಲಿ ಶಾಯಿ ಮಾಸಿದೆ. ಮೊದಲ ಸಾಲು ಮಾತ್ರ ಚೆನ್ನಾಗಿ ಕಾಣುತ್ತೆ: "ನಿನ್ನ ಅಗಲಿ ಎರಡು ವಾರವಾಯಿತು, ಊಟ ಸರಿಯಾಗಿ ಮಾಡ್ತಿದ್ದೀಯಾ?"