ಒಂದೂವರೆ ಸ್ಪೀಡಲ್ಲಿ ಜೀವನದ ಅರ್ಥ

ತಲೆ ಕೆಟ್ಟು ಹೋಗಿದೆ, ಬರೆದು ಹಾಕ್ಲಿಲ್ಲ ಅಂದ್ರೆ ರಾತ್ರಿ ನಿದ್ದೆ ಬರಲ್ಲ, ಅದಕ್ಕೆ ಇದು. ಉದ್ದ ಆಯ್ತು ಅನ್ನೋರು ಸ್ಕ್ರೋಲ್ ಮಾಡ್ಕೊಂಡು ಮುಂದೆ ಹೋಗಿ, ಬೇಜಾರಿಲ್ಲ. (ಇದೆ. ಆದ್ರೂ ಹೋಗಿ.)

ನನ್ನ ತಂಗಿ ಮಗ ನಿಮಗೆಲ್ಲ ಗೊತ್ತಲ್ಲ, ಬೆಳ್ಳಂದೂರು ಕಡೆ ಸಾಫ್ಟ್‌ವೇರು, ತಿಂಗಳಿಗೆರಡು ಭಾನುವಾರ ಹನುಮಂತನಗರಕ್ಕೆ ನಮ್ಮನೆಗೆ ಊಟಕ್ಕೆ ಬರ್ತಾನೆ. ಹೋದ ಸಲ ಬಂದಾಗ ಮುಖ ಜೋತು ಹಾಕ್ಕೊಂಡು, ಏನೋ ದೊಡ್ಡಮ್ಮ, ಬೆಳಗ್ಗೆಯಿಂದ ರಾತ್ರಿವರೆಗೂ ಸ್ಕ್ರೀನು, ಯಾಕ್ ಬದುಕ್ತಿದೀನೋ ಗೊತ್ತಾಗ್ತಿಲ್ಲ ಅಂತೆಲ್ಲ ಅಂದ. ಪಾಪ ಅನ್ಸಿ ಒಂದು ಸಿನಿಮಾ ಹೇಳಿದ್ದೆ. ಟೆರ್ರಿ ಗಿಲಿಯಂ ಮಾಡಿರೋ 'ದಿ ಜೀರೋ ಥಿಯರಮ್', 2013ರದ್ದು, ಆ ವರ್ಷ ವೆನಿಸ್ ಫೆಸ್ಟಿವಲ್‌ನಲ್ಲಿ ಮೊದಲು ತೋರಿಸಿದ್ದು, ಕ್ರಿಸ್ಟೋಫ್ ವಾಲ್ಟ್ಸ್ ತಲೆ ಬೋಳಿಸ್ಕೊಂಡು ಮಾಡಿರೋದು.

ಇವತ್ತು ಬಂದ. ಹುಳಿಯನ್ನಕ್ಕೆ ತುಪ್ಪ ಹಾಕ್ಕೊಳ್ತಾ, "ನೋಡ್ದೆ ದೊಡ್ಡಮ್ಮ, ಒನ್ ಪಾಯಿಂಟ್ ಫೈವ್‌ನಲ್ಲಿ" ಅಂದ.

ಏನೋ ಅದು ಒನ್ ಪಾಯಿಂಟ್ ಫೈವು? ಸ್ಪೀಡಂತೆ! ಒಂದೂಮುಕ್ಕಾಲು ಗಂಟೆ ಸಿನಿಮಾನ ಒಂದೂವರೆ ಪಟ್ಟು ಜೋರಾಗಿ ಓಡಿಸಿ ಒಂದು ಗಂಟೆ ಹತ್ತು ನಿಮಿಷಕ್ಕೆ ಮುಗಿಸಿದಾನೆ. ಅದೂ ಸಾಲದು ಅಂತ ಕೊನೆ ಅರ್ಥ ಆಗ್ಲಿಲ್ಲ ಅಂತ 'ಎಂಡಿಂಗ್ ಎಕ್ಸ್‌ಪ್ಲೇನ್ಡ್' ಅಂತ ಯಾರೋ ಒಬ್ಬ ಮಾಡಿರೋ ವಿಡಿಯೋ ನೋಡಿದಾನೆ. ಅದನ್ನ ಎಷ್ಟರಲ್ಲಿ ನೋಡ್ದಪ್ಪ ಅಂದ್ರೆ, "ಎರಡರಲ್ಲಿ." ಕೊನೆಗೆ ತೀರ್ಪು ಬೇರೆ: "ಅಂಥದ್ದೇನಿಲ್ಲ ದೊಡ್ಡಮ್ಮ, ಎಲ್ಲ ಸೊನ್ನೆ ಅಂತ ಹೇಳ್ತಾರೆ ಅಷ್ಟೆ." ಅವರಪ್ಪ ಮದುವೆಮನೇಲಿ ಕೊನೆ ಪಂಕ್ತಿಗೆ ಕೂತು, ಪಾಯಸ ಅಂಥದ್ದೇನಿರಲಿಲ್ಲ ಬಿಡಿ ಅಂತಾರಲ್ಲ, ಥೇಟ್ ಅದೇ ಧಾಟಿ.

ನೋಡದೇ ಇರೋರಿಗೆ ಕಥೆ ಒಂದೇ ಉಸಿರಲ್ಲಿ ಹೇಳ್ಬಿಡ್ತೀನಿ. ಕೋಹೆನ್ ಲೆತ್ ಅಂತ ಒಬ್ಬ, ಮ್ಯಾನ್‌ಕಾಮ್ ಅನ್ನೋ ದೈತ್ಯ ಕಂಪನಿಯಲ್ಲಿ ಲೆಕ್ಕ ಕುಟ್ಟೋ ಕೆಲಸ, ಸುಟ್ಟುಹೋದ ಒಂದು ಹಳೇ ಚರ್ಚಲ್ಲಿ ವಾಸ, ಅವನಿಗೊಂದು ಫೋನ್ ಬರ್ಬೇಕು, ಆ ಫೋನ್ ಬಂದ್ರೆ ತನ್ನ ಜೀವನದ ಅರ್ಥ ಏನು ಅಂತ ಗೊತ್ತಾಗುತ್ತೆ ಅಂತ ನಂಬಿಕೊಂಡು ಕಾಯ್ತಿದಾನೆ. ಆಫೀಸಿಗೆ ಹೋದಾಗ ಫೋನ್ ಬಂದ್ಬಿಟ್ರೆ ಅಂತ ವರ್ಕ್ ಫ್ರಮ್ ಹೋಮ್ ಕೊಡಿ ಅಂತ ಗೋಗರೀತಾನೆ. (ನೆನಪಿಡಿ, 2013ರ ಸಿನಿಮಾ.) ಕೊಡ್ತಾರೆ, ಆದ್ರೆ ಎಲ್ಲಾನೂ ಸೇರಿಸಿದ್ರೆ ಸೊನ್ನೆ ಅಂತ ಗಣಿತದಲ್ಲಿ ಸಾಬೀತು ಮಾಡು ಅನ್ನೋ ಕೆಲಸ ತಗುಲಿಸ್ತಾರೆ. ಅಂದ್ರೆ ಅರ್ಥಕ್ಕೆ ಕಾಯ್ತಾ ಕೂತವನ ಕೈಯಲ್ಲೇ ಅರ್ಥ ಇಲ್ಲ ಅಂತ ಬರೆಸೋದು. ಬೆಂಗಳೂರಿನ ಯಾವ ಮ್ಯಾನೇಜರಿಗೂ ಇಷ್ಟು ಚೆಂದದ ಐಡಿಯಾ ಹೊಳೆದಿಲ್ಲ ಅಂತ ನಾನಂತೂ ಹೇಳಲಾರೆ.

ಈಗ ಒಂದೂವರೆ ಸ್ಪೀಡಿನ ಮಹಾಶಯ ಏನೇನು ನೋಡಿಲ್ಲ ಅಂತ ಒಂದೊಂದೇ ಕೇಳ್ದೆ. ಚರ್ಚು ಹೆಂಗೆ ಸುಟ್ಟುಹೋಯ್ತೋ ಅಂದೆ, ಗೊತ್ತಿಲ್ಲ. ಅಲ್ಲಿದ್ದ ಸನ್ಯಾಸಿಗಳೆಲ್ಲ ಮೌನವ್ರತದವರು, ಬೆಂಕಿ ಬೆಂಕಿ ಅಂತ ಕೂಗೋಕೆ ಒಬ್ಬರೂ ಬಾಯಿ ಬಿಡ್ಲಿಲ್ಲ ಅಂತ ಒಂದು ಮಾತು ಬಂದು ಹೋಗುತ್ತೆ, ಅದು ಇವನ ಕಿವಿಗೇ ಬಿದ್ದಿಲ್ಲ. ಶಿಲುಬೆ ಮೇಲಿನ ಯೇಸುವಿಗೆ ತಲೆ ಇರೋ ಜಾಗದಲ್ಲಿ ಸಿಸಿಟಿವಿ ಕ್ಯಾಮೆರಾ ಇದೆಯಲ್ಲ, ನೋಡಿದ್ಯಾ? "ಇತ್ತಾ?" ಪಾರ್ಕಿನ ಸೀನು? ಬೆಂಚಿನ ಹಿಂದೆ ಗೋಡೆ ತುಂಬ ಅದು ಮಾಡಬಾರದು ಇದು ಮಾಡಬಾರದು ಅಂತ ಬೋರ್ಡುಗಳು, ನಮ್ಮ ಏರಿಯಾ ಪಾರ್ಕಲ್ಲಿ ನಾಯಿ ತರಬಾರದು, ಚೆಂಡು ಆಡಬಾರದು, ಹುಲ್ಲು ತುಳಿಯಬಾರದು ಅಂತ ಇದೆಯಲ್ಲ, ಅದರ ಅಪ್ಪ. ಅದೊಂದು ನೋಡಿದಾನಂತೆ. ಪುಣ್ಯ.

ಇನ್ನೊಂದು ನನಗೆ ತುಂಬ ಇಷ್ಟ. ಆ ಕೋಹೆನ್ ಯಾವತ್ತೂ 'ನಾನು' ಅನ್ನಲ್ಲ, 'ನಾವು' ಅಂತಾನೆ. ನಾವು ಸಾಯ್ತಿದೀವಿ, ನಮಗೆ ಫೋನ್ ಬರ್ಬೇಕು, ಹಿಂಗೆ, ಮಠದ ಸ್ವಾಮಿಗಳ ಥರ. ಮೇಲಧಿಕಾರಿ ಅವನನ್ನ ಕ್ವಿನ್ ಕ್ವಿನ್ ಅಂತ ತಪ್ಪಾಗಿ ಕರೀತಾನೆ, ಇವನು ಪ್ರತಿ ಸಲ ಕ್ಯೂ, ಯು ಇಲ್ಲ, ಓ ಎಚ್ ಇ ಎನ್ ಅಂತ ಸ್ಪೆಲಿಂಗ್ ಹೇಳ್ತಾನೆ. ನಾನು ಜೋರಾಗಿ ನಕ್ಕಿದ್ದೆ. ಟೆಲಿಫೋನ್ ಆಪರೇಟರಾಗಿ ಎಷ್ಟು ವರ್ಷ ಹೆಡ್‌ಸೆಟ್ ಹಾಕ್ಕೊಂಡು ಎಂ ಫಾರ್ ಮದ್ರಾಸ್, ಬಿ ಫಾರ್ ಬಾಂಬೆ ಅಂತ ಕೂಗಿದವಳು ನಾನು!

ಸರಿ, ಇನ್ನೊಂದು ಕಡೆ ವಾದಾನೂ ಹೇಳ್ಬಿಡ್ತೀನಿ, ಆಮೇಲೆ ಒನ್ ಸೈಡ್ ಅನ್ಬೇಡಿ. ಅವನು ಹೇಳ್ದ: ಸಿನಿಮಾ ಸ್ಲೋ, ಅದೇ ರೂಮು, ಅದೇ ಮನುಷ್ಯ, ನಂಗೆ ಟೈಮಿಲ್ಲ, ರಾತ್ರಿ ಹತ್ತಕ್ಕೆ ಅಮೆರಿಕದೋರ ಜೊತೆ ಕಾಲ್ ಇರುತ್ತೆ, ಔಟರ್ ರಿಂಗ್ ರೋಡಲ್ಲೇ ಅರ್ಧ ಆಯಸ್ಸು ಹೋಗುತ್ತೆ. ಹೌದಪ್ಪ, ಮಧ್ಯದಲ್ಲಿ ಎಳೆಯುತ್ತೆ, ಒಪ್ಕೋತೀನಿ. ಆ ಬೇನ್ಸ್‌ಲಿ ಹುಡುಗಿ ಪಾತ್ರ ನನಗೂ ಸಿಟ್ಟು ತರಿಸ್ತು, ಗಂಡಸಿನ ದುಃಖ ಕರಗಿಸೋಕೆ ಅಂತ ಸಂಬಳಕ್ಕೆ ಕಳಿಸೋ ಹೆಣ್ಣು, ಅದನ್ನ ಬರೆದವರಿಗೆ ಬೇರೆ ಏನೂ ಹೊಳೀಲಿಲ್ವಾ. ಗಿಲಿಯಂದೇ 1985ರ 'ಬ್ರೆಝಿಲ್' ಮುಂದೆ ಇದು ಎರಡು ಮೆಟ್ಟಿಲು ಕೆಳಗೇ. ಎಲ್ಲ ಸರಿ. ಆದ್ರೆ ಟೈಮಿಲ್ಲದ ಈ ಪುಣ್ಯಾತ್ಮ ಊಟ ಆದ್ಮೇಲೆ ನಮ್ಮನೆ ದಿವಾನಾ ಮೇಲೆ ಬಿದ್ಕೊಂಡು ಒಂದು ಗಂಟೆ ಹತ್ತು ನಿಮಿಷ ರೀಲ್ಸ್ ನೋಡ್ದ, ನಾನು ಗಡಿಯಾರ ನೋಡಿದೀನಿ. ಅದನ್ನ ಒಂದೇ ಸ್ಪೀಡಲ್ಲಿ ನೋಡ್ದ!

ನನ್ನ ತಕರಾರು ಏನಂದ್ರೆ, ಇದು ಅರ್ಥದ ಸಿನಿಮಾ ಅಲ್ಲವೇ ಅಲ್ಲ. ಫೋನಿಗೆ ಕಾಯೋ ಸಿನಿಮಾ. ಕಾಯೋದನ್ನ ಒಂದೂವರೆ ಪಟ್ಟು ಸ್ಪೀಡಲ್ಲಿ ಓಡಿಸಿದ್ರೆ ಉಳಿಯೋದೇನು?

ನಾನು 1983ರಲ್ಲಿ ಟ್ರಂಕ್ ಬೋರ್ಡಿಗೆ, ಅಂದ್ರೆ ದೂರದೂರಿನ ಕಾಲ್ ಜೋಡಿಸೋ ಕಡೆಗೆ, ಸೇರಿದಾಗ ಜನ 180 ತಿರುಗಿಸಿ ಕಾಲ್ ಬುಕ್ ಮಾಡಿ ಗಂಟೆಗಟ್ಟಲೆ ಕಾಯ್ತಿದ್ರು. ಆರ್ಡಿನರಿ, ಅರ್ಜೆಂಟ್, ಲೈಟ್ನಿಂಗ್, ದುಡ್ಡಿದ್ದಷ್ಟು ಬೇಗ. ಪಿಪಿ ಕಾಲ್ ಅಂತ ಇತ್ತು, ಹೆಸರು ಹೇಳಿದ ಮನುಷ್ಯನೇ ಬಂದ್ರೆ ಮಾತ್ರ ಮಾತು. ಗಾಂಧಿನಗರದ ಒಂದು ಲಾಡ್ಜಿಂದ ವಯಸ್ಸಾದವರೊಬ್ಬರು ಬಾಂಬೆಗೆ, ಮಗನಿಗೆ, ಪಿಪಿ ಬುಕ್ ಮಾಡೋರು. "ಪಾರ್ಟಿ ಇಲ್ಲ ಸಾರ್" ಅಂತ ನಾನು, "ಪರವಾಗಿಲ್ಲಮ್ಮ, ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಹಾಕಿ" ಅಂತ ಅವರು. ಒಂದು ರಾತ್ರಿ ಮಗ ಸಿಕ್ಕಿಬಿಟ್ಟ. ನಾನು ಬೋರ್ಡಿಗೆ ವೈರು ಸಿಕ್ಕಿಸಿ ಲೈನ್ ಕೊಟ್ಟೆ. ಹಲೋ ಅಂದ್ರು, ಹಲೋ ಅಂದ, ಆಮೇಲೆ ಇಬ್ಬರೂ ಗಪ್‌ಚುಪ್. ಕಟ್ಟಾಯ್ತೇನೋ ಅಂತ ನಾನು ಕೀ ಒತ್ತಿ ಕೇಳಿಸ್ಕೊಂಡೆ, ಇಲ್ಲ, ಇಬ್ಬರ ಉಸಿರೂ ಇದೆ. "ಮೂರು ನಿಮಿಷ ಆಯ್ತು, ಮುಂದುವರಿಸ್ಬೇಕಾ?" ಅಂದೆ. ಮುಂದುವರಿಸಿ ಅಂದ್ರು ಅಪ್ಪ. ಮತ್ತೆ ಮೂರು ನಿಮಿಷ ಸುಮ್ಮನೆ. ಟಿಕೆಟ್ ಮೇಲೆ ಆರು ನಿಮಿಷ ಅಂತ ಬರೆದು ಪಕ್ಕಕ್ಕಿಟ್ಟೆ. ಆ ಆರು ನಿಮಿಷಾನ ಇವನ ಕೈಗೆ ಕೊಟ್ರೆ ನಾಲ್ಕಕ್ಕೆ ಮುಗಿಸಿ, ಅಂಥದ್ದೇನಿರಲಿಲ್ಲ ದೊಡ್ಡಮ್ಮ ಅಂತಿದ್ದ.

ಸಿನಿಮಾದಲ್ಲಿ ಕೋಹೆನ್‌ಗೆ ಒಂದು ಸಲ ಫೋನ್ ಬಂದಿರುತ್ತೆ, ಗಮನಿಸಿದೀರಾ? ಆ ಕಡೆಯ ದನಿ ಇವನ ಹೆಸರು ಹೇಳುತ್ತೆ, ಸಂತೋಷಕ್ಕೆ ಕೈ ನಡುಗಿ ರಿಸೀವರ್ ಕೆಳಗೆ ಬೀಳುತ್ತೆ, ಲೈನ್ ಕಟ್. ಅವತ್ತಿಂದ ಕಾಯ್ತಿದಾನೆ. ಮಧ್ಯೆ ಯಾರ್ಯಾರೋ ಬಾಗಿಲು ಬಡೀತಾರೆ, ಒಬ್ಬ ಪೋರ ಬಂದು ಜೊತೆಗೆ ಕೂರ್ತಾನೆ, ಅವರ್ಯಾರೂ ಲೆಕ್ಕಕ್ಕಿಲ್ಲ, ಫೋನೊಂದೇ. ಎಕ್ಸ್‌ಪ್ಲೇನ್ಡ್ ವಿಡಿಯೋದವನು ಇದನ್ನ ಹೇಳಿದ್ನಾ ಅಂದ್ರೆ ಇಲ್ಲವಂತೆ, ಬ್ಲ್ಯಾಕ್ ಹೋಲ್ ಬಗ್ಗೆ ಹೇಳಿದ್ನಂತೆ. ಸೊನ್ನೆ ಅಂದ್ರೆ ಏನೂ ಇಲ್ಲ ಅಂತಾನೂ ಹೇಳಿದ್ನಂತೆ. ಲೋ, ನಮ್ಮೋರು ಶೂನ್ಯವನ್ನ ಸಂಪಾದನೆ ಮಾಡೋಕೆ ಅಂತಾನೇ ಒಂದು ಗ್ರಂಥ ಕಟ್ಟಿದಾರೆ ಕಣೋ, ಅಂದೆ. ಅದರ ಸಮ್ಮರಿ ಇದೆಯಾ ಅಂತ ಕೇಳ್ದ. ನಾನು ಎದ್ದು ಮಜ್ಜಿಗೆ ತರೋಕೆ ಹೋದೆ.

ಇಷ್ಟೊಂದು ಸಿಟ್ಟು ಯಾಕೆ ಅಂತ ಪಾತ್ರೆ ತೊಳೀತಾ ನನಗೇ ಅನ್ನಿಸ್ತು. ಹೇಳ್ಬಿಡ್ತೀನಿ. ನಮ್ಮಣ್ಣ 1998ರಲ್ಲಿ ಸೈಟಿನ ವಿಷಯಕ್ಕೆ ಅಪ್ಪನ ಹತ್ರ ಜಗಳ ಆಡ್ಕೊಂಡು ಹೋದವನು, ಹಳಬರಿಗೆ ಗೊತ್ತು. ಒಂದು ಸಲ ಫೋನ್ ಮಾಡಿದ್ದ. ನಾನೇ ಎತ್ತಿದ್ದೆ. ಎಲ್ಲಿದೀಯ, ಹೆಂಗಿದೀಯ ಅಂತ ಕೇಳೋದು ಬಿಟ್ಟು, ಅಮ್ಮ ನಿನ್ನಿಂದ ಹೆಂಗಾಗಿದಾಳೆ ಗೊತ್ತಾ ಅಂತ ಶುರು ಮಾಡ್ದೆ. ಇಟ್ಬಿಟ್ಟ. 2020ರ ಜನವರಿ 31ಕ್ಕೆ ಬಿಎಸ್‌ಎನ್‌ಎಲ್‌ನಲ್ಲಿ ಎಲ್ಲರ ಜೊತೆ ವಿಆರ್‌ಎಸ್ ತಗೊಂಡು ಬಂದ್ಮೇಲೂ ಲ್ಯಾಂಡ್‌ಲೈನ್ ಯಾಕೆ ಇಟ್ಕೊಂಡಿದೀಯ, ದಂಡ ಬಾಡಿಗೆ, ಅಂತ ಎಲ್ಲರೂ ಕೇಳ್ತೀರಲ್ಲ, ಅದಕ್ಕೆ. ಅವನಿಗೆ ಗೊತ್ತಿರೋದು ಏಳು ಅಂಕಿ ನಂಬರು. ಆಮೇಲೆ ನಂಬರಿನ ಮುಂದೆ '2' ಅನ್ನೋ ಅಂಕಿ ಸೇರಿಸಿದ್ರಲ್ಲ, ಆ ಹಳೇ ಏಳು ಅಂಕಿ ಹೊಡೆದ್ರೆ ಈಗ ಎಲ್ಲಿಗೂ ಹೋಗಲ್ಲ. ಇದು ಬೇರೆ ಯಾರಿಗೆ ಗೊತ್ತಿಲ್ಲದಿದ್ರೂ ನನಗೆ ಗೊತ್ತು, ಆ ನಂಬರ್ ಬದಲಾವಣೆ ಬಗ್ಗೆ ದಿನಕ್ಕೆ ನೂರು ಜನಕ್ಕೆ ಉತ್ತರ ಹೇಳಿದವಳು ನಾನೇ.

ಸಾಕು, ಅದು ಬಿಡಿ. ಕಾಮೆಂಟಲ್ಲಿ ಯಾರೂ ಎಂಡಿಂಗ್ ಎಕ್ಸ್‌ಪ್ಲೇನ್ಡ್ ಲಿಂಕ್ ಹಾಕ್ಬೇಡಿ, ಹಾಕಿದ್ರೆ ಬ್ಲಾಕ್ ಮಾಡ್ತೀನಿ, ತಮಾಷೆ ಅಲ್ಲ.

ಸಂಜೆ ಹೊರಟವನು ಚಪ್ಪಲಿ ಮೆಟ್ಕೊಳ್ತಾ ಮೂಲೆಯಲ್ಲಿದ್ದ ಫೋನ್ ನೋಡ್ದ. ಇದಿನ್ನೂ ವರ್ಕ್ ಆಗುತ್ತಾ ದೊಡ್ಡಮ್ಮ ಅಂತ ರಿಸೀವರ್ ಎತ್ತಿ ಕಿವಿಗಿಟ್ಕೊಂಡ. ಡಯಲ್ ಟೋನ್ ಕೇಳ್ತಾ ನಿಂತೇ ಇದ್ದ, ಸುಮಾರು ಹೊತ್ತು, ಯಾವತ್ತೂ ಕೇಳೇ ಇಲ್ಲವೇನೋ ಅನ್ನೋ ಥರ.

"ಯಾರು ಮಾಡ್ತಾರೆ ಇದಕ್ಕೆ?" ಅಂದ.

"ಇನ್ಶೂರೆನ್ಸ್‌ನೋರು" ಅಂದೆ. "ಇಡಪ್ಪ ಕೆಳಗೆ, ಲೈನ್ ಎಂಗೇಜ್ ಬರುತ್ತೆ."